ಯಾರೂ ಇಲ್ಲದ ಸಭೆಗೆ ಒಂದು ನಮಸ್ಕಾರ: ಟಾಕಿ ಯುಗದ ಮೊದಲ ಸಂಗೀತ ಕಿರುಚಿತ್ರಗಳು

ಪ್ರಶ್ನೆ: ನಾನು ಶಿವಮೊಗ್ಗದ ನಿವೃತ್ತ ಸಂಗೀತ ಶಿಕ್ಷಕಿ. ಮೊಮ್ಮಗ ಮೊಬೈಲಿನಲ್ಲಿ ಅಮೆರಿಕದ ಕೆಲವು ಹಳೆಯ ಸಂಗೀತ ಕಿರುಚಿತ್ರಗಳನ್ನು ತೋರಿಸಿದ. 1926ರಿಂದ 1930ರ ನಡುವಿನವಂತೆ. ಹೆಚ್ಚಿನವು ಹತ್ತು ನಿಮಿಷದೊಳಗಿನವು. ಗಾಯಕ ಒಂದು ಪರದೆಯ ಮುಂದೆ ನೆಟ್ಟ ಕಂಬದಂತೆ ನಿಂತು ಹಾಡುತ್ತಾನೆ. ಮುಗಿದ ಮೇಲೆ, ಎದುರಿಗೆ ಯಾರೂ ಇಲ್ಲದಿದ್ದರೂ, ಬಾಗಿ ವಂದಿಸುತ್ತಾನೆ. ಮೊದಲ ಟಾಕಿ ಬಂದದ್ದು 1927ರಲ್ಲಿ ಎಂದು ಓದಿದ್ದೆ. ಹಾಗಾದರೆ ಇವು ಅದಕ್ಕಿಂತ ಮೊದಲೇ ಹೇಗೆ ಬಂದವು? ಇವರು ನಿಜವಾಗಿ ಹಾಡುತ್ತಿದ್ದಾರೆಯೇ ಅಥವಾ ತುಟಿಯಾಡಿಸುತ್ತಿದ್ದಾರೆಯೇ? ಹತ್ತು ನಿಮಿಷದ ಲೆಕ್ಕ ಎಲ್ಲಿಂದ ಬಂತು? ನಮ್ಮಲ್ಲಿ ಇಂಥವು ತಯಾರಾಗಲಿಲ್ಲವೇ?

ಉತ್ತರ: ತುಟಿಯ ಅನುಮಾನವನ್ನು ಮೊದಲು ಬಗೆಹರಿಸುತ್ತೇನೆ, ಏಕೆಂದರೆ ಸಂಗೀತ ಕಲಿಸಿದವರಿಗೆ ಅದೇ ಮುಖ್ಯ. ನೀವು ನೋಡಿದವರು ನಿಜವಾಗಿಯೇ ಹಾಡುತ್ತಿದ್ದಾರೆ. ಕ್ಯಾಮೆರಾ ಅವರ ಮುಖವನ್ನು ಹಿಡಿಯುತ್ತಿದ್ದ ಅದೇ ಕ್ಷಣದಲ್ಲಿ ಯಂತ್ರವೊಂದು ಅವರ ದನಿಯನ್ನು ಮೇಣದ ಮೇಲೆ ಕೊರೆಯುತ್ತಿತ್ತು. ಎರಡನೆಯ ಅವಕಾಶ ಎಂಬುದು ಇರಲಿಲ್ಲ. ಒಂದು ಸ್ವರ ತಪ್ಪಿದರೂ ಇಡೀ ಹಾಡನ್ನು ಮೊದಲಿನಿಂದ ಹಾಡಬೇಕಿತ್ತು. ಅವರು ಕಂಬದಂತೆ ನಿಂತಿರುವುದಕ್ಕೂ, ಹತ್ತು ನಿಮಿಷದ ಲೆಕ್ಕಕ್ಕೂ, ಕೊನೆಯ ಆ ವಿಚಿತ್ರ ನಮಸ್ಕಾರಕ್ಕೂ ಕಾರಣ ಆ ಮೇಣದ ತಟ್ಟೆಯಲ್ಲೇ ಇದೆ.

ಈಗ 1926 ಮತ್ತು 1927ರ ಗೊಂದಲ. ಪಠ್ಯಪುಸ್ತಕಗಳು ಹೇಳುವ 1927ರ ಅಕ್ಟೋಬರ್ 6, 'ದಿ ಜಾಝ್ ಸಿಂಗರ್' ಎಂಬ ಪೂರ್ಣಪ್ರಮಾಣದ ಕಥಾಚಿತ್ರ ಬಿಡುಗಡೆಯಾದ ದಿನ. ಅದನ್ನು ತೆಗೆದ ವಾರ್ನರ್ ಸೋದರರು ಅದಕ್ಕೂ ಹದಿನಾಲ್ಕು ತಿಂಗಳು ಮೊದಲೇ, 1926ರ ಆಗಸ್ಟ್ 6ರಂದು, ನ್ಯೂಯಾರ್ಕಿನ ತಮ್ಮ ಚಿತ್ರಮಂದಿರದಲ್ಲಿ ದನಿಯಿರುವ ಚಿತ್ರಗಳನ್ನು ತೋರಿಸಿ ಆಗಿತ್ತು. ಅಂದಿನ ದೊಡ್ಡ ಚಿತ್ರ 'ಡಾನ್ ವಾನ್'. ಅದರಲ್ಲಿ ಮಾತಿಲ್ಲ, ಹಿನ್ನೆಲೆ ಸಂಗೀತ ಮತ್ತು ಒಂದಿಷ್ಟು ಸದ್ದುಗಳನ್ನು ಜೋಡಿಸಿದ್ದ ಮೂಕಿ ಅದು. ಆದರೆ ಅದಕ್ಕೆ ಮುನ್ನ ಕಿರುಚಿತ್ರಗಳ ಒಂದು ಸಾಲೇ ಇತ್ತು. ಚಿತ್ರೋದ್ಯಮದ ನಿಯಂತ್ರಕರಾಗಿದ್ದ ವಿಲ್ ಹೇಸ್ ತೆರೆಯ ಮೇಲೆ ಬಂದು ಸ್ವಾಗತ ಭಾಷಣ ಮಾಡಿದರು. ನ್ಯೂಯಾರ್ಕ್ ಫಿಲ್‌ಹಾರ್ಮೋನಿಕ್ ವಾದ್ಯವೃಂದ ಹೆನ್ರಿ ಹ್ಯಾಡ್ಲಿಯ ನಿರ್ದೇಶನದಲ್ಲಿ ವಾಗ್ನರನ ಕೃತಿ ನುಡಿಸಿತು. ಮಿಶಾ ಎಲ್ಮನ್ ಪಿಟೀಲು ನುಡಿಸಿದ. ಪಿಟೀಲಿನ ಎಫ್ರೆಮ್ ಜಿಂಬಲಿಸ್ಟ್ ಮತ್ತು ಪಿಯಾನೋದ ಹೆರಾಲ್ಡ್ ಬಾವರ್ ಬೇಥೋವನ್ ನುಡಿಸಿದರು. ರಾಯ್ ಸ್ಮೆಕ್ ಎಂಬ ತರುಣ ಹವಾಯಿಯನ್ ಗಿಟಾರ್, ಯುಕುಲೇಲಿ, ಬ್ಯಾಂಜೊ ಎಂದು ಒಂದಾದ ಮೇಲೊಂದು ವಾದ್ಯ ಎತ್ತಿಕೊಂಡು ಸಭಿಕರ ಮನ ಗೆದ್ದ. ಅಪೆರಾ ಗಾಯಕ ಜೊವಾನಿ ಮಾರ್ಟಿನೆಲ್ಲಿ 'ಪಾಲ್ಯಾಚಿ'ಯ ಅಳುವ ವಿದೂಷಕನ ಹಾಡನ್ನು ಹಾಡಿದ್ದೇ ಅಂದಿನ ರಾತ್ರಿಯ ಗೆಲುವು. ಮರಿಯನ್ ಟ್ಯಾಲಿ ಎಂಬ ಎಳೆಯ ಗಾಯಕಿಗೆ ಅಷ್ಟು ಅದೃಷ್ಟವಿರಲಿಲ್ಲ. ರಂಗದ ಮೇಲೆ ದೂರದಿಂದ ಚೆಂದ ಕಾಣುತ್ತಿದ್ದ ಹಾಡುವ ಮುಖ ಹತ್ತಿರದಿಂದ ತೆರೆಯ ತುಂಬಾ ಹರಡಿಕೊಂಡಾಗ ಹೇಗಿರುತ್ತದೆ ಎಂಬುದನ್ನು ವಿಮರ್ಶಕರು ಆಕೆಯ ಮೂಲಕ ಕಂಡುಕೊಂಡರು. ಅದನ್ನು ದಯೆಯಿಲ್ಲದೆ ಬರೆದರು ಕೂಡ.

ಅಂದರೆ ಟಾಕಿ ಹುಟ್ಟಿದ್ದು ಕಥೆಯಾಗಿ ಅಲ್ಲ, ಕಚೇರಿಯಾಗಿ. ನನ್ನ ತರಗತಿಗಳಲ್ಲಿ ನಾನು ಹಟ ಹಿಡಿದು ಹೇಳುತ್ತಿದ್ದ ಮಾತು ಇದೊಂದೇ, ಇಲ್ಲೂ ಹೇಳಿಬಿಡುತ್ತೇನೆ: ಈ ಕಿರುಚಿತ್ರಗಳು ದೊಡ್ಡ ಚಿತ್ರಕ್ಕೆ ಮುನ್ನ ಹೊತ್ತು ಕಳೆಯುವ ಚಿಲ್ಲರೆ ಸರಕಲ್ಲ. ವಾರ್ನರ್ ಸೋದರರು ಮಾರಲು ಹೊರಟಿದ್ದೇ ಇವನ್ನು. ನಟರ ಮಾತು ಕೇಳಿಸುವ ಉಮೇದು ಅವರಿಗೆ ಆಗ ಹೆಚ್ಚಿರಲಿಲ್ಲ. ಮಹಾನಗರದ ದೊಡ್ಡ ಚಿತ್ರಮಂದಿರಗಳಲ್ಲಿ ಮೂಕಿಗೆ ಜೀವಂತ ವಾದ್ಯವೃಂದವಿತ್ತು, ಚಿತ್ರಕ್ಕೆ ಮುಂಚೆ ಗಾಯನ, ನೃತ್ಯ, ಹಾಸ್ಯದ ರಂಗ ಪ್ರದರ್ಶನಗಳಿದ್ದವು. ಸಣ್ಣ ಊರಿನ ಮಂದಿರದಲ್ಲಿ ಇದ್ದದ್ದು ಒಂದು ಪಿಯಾನೋ, ಅದೂ ಶ್ರುತಿ ತಪ್ಪಿದ್ದು. ನ್ಯೂಯಾರ್ಕಿನ ಆ ವೈಭವವನ್ನು ಡಬ್ಬಿಯಲ್ಲಿ ತುಂಬಿ ಸಣ್ಣ ಊರಿಗೆ ಕಳಿಸಿದರೆ ಹೇಗೆ ಎಂಬುದು ವ್ಯಾಪಾರದ ಯೋಚನೆ. ಮೈಸೂರಿನ ಅರಮನೆಯ ದಸರಾ ಕಚೇರಿ ಮರುವಾರ ತಾಲ್ಲೂಕು ಕೇಂದ್ರದ ಟೆಂಟಿನಲ್ಲೂ ಕೇಳುವಂತಾದರೆ ಜನ ಏನು ಮಾಡುತ್ತಿದ್ದರು ಎಂದು ಊಹಿಸಿ.

ಇನ್ನು ತಟ್ಟೆಯ ವಿಷಯ. ವಾರ್ನರ್ ಬಳಸಿದ ಪದ್ಧತಿಯ ಹೆಸರು ವಿಟಾಫೋನ್, ಹಿಂದಿದ್ದ ತಂತ್ರಜ್ಞಾನ ವೆಸ್ಟರ್ನ್ ಎಲೆಕ್ಟ್ರಿಕ್ ಸಂಸ್ಥೆಯದು. ದನಿ ಫಿಲ್ಮಿನ ಮೇಲೆ ಇರುತ್ತಿರಲಿಲ್ಲ. 16 ಅಂಗುಲ ಅಗಲದ ಗ್ರಾಮಫೋನ್ ತಟ್ಟೆಯ ಮೇಲೆ ಇರುತ್ತಿತ್ತು. ಮನೆಯಲ್ಲಿದ್ದ ಸಾಮಾನ್ಯ ತಟ್ಟೆ ನಿಮಿಷಕ್ಕೆ 78 ಸುತ್ತು ಸುತ್ತಿ ಮೂರು ನಾಲ್ಕು ನಿಮಿಷಕ್ಕೆ ಮುಗಿಯುತ್ತಿತ್ತು. ಆದರೆ ಸಾವಿರ ಅಡಿಯ ಒಂದು ರೀಲು ಫಿಲ್ಮು, ನಿಮಿಷಕ್ಕೆ 90 ಅಡಿಯಂತೆ ಓಡಿದರೆ, ಹನ್ನೊಂದು ನಿಮಿಷ ಬರುತ್ತದೆ. ರೀಲಿನ ನಡುವೆ ತಟ್ಟೆ ಬದಲಿಸುವಂತಿಲ್ಲ. ಹಾಗಾಗಿ ತಟ್ಟೆಯನ್ನು ದೊಡ್ಡದು ಮಾಡಿ ವೇಗವನ್ನು 33⅓ ಸುತ್ತಿಗೆ ಇಳಿಸಿದರು. ಮುಂದೆ ನಮ್ಮ ಮನೆಗಳಿಗೆ ಬಂದ ಎಲ್‌ಪಿ ರೆಕಾರ್ಡುಗಳ ವೇಗವೂ ಅದೇ. ನಿಮ್ಮ ಹತ್ತು ನಿಮಿಷದ ಲೆಕ್ಕ ಬಂದದ್ದು ಇಲ್ಲಿಂದ: ತಟ್ಟೆ ಮುಗಿಯುವುದರೊಳಗೆ ಹಾಡು ಮುಗಿಯಬೇಕು, ಗಾಯಕನ ಮನೋಧರ್ಮಕ್ಕೆ ಅಲ್ಲಿ ಜಾಗವಿಲ್ಲ. ಸೆಕೆಂಡಿಗೆ 24 ಚೌಕಟ್ಟು ಎಂದು ಇಂದಿಗೂ ನಾವು ಪಾಲಿಸುವ ವೇಗ ಗಟ್ಟಿಯಾದದ್ದೂ ಆಗಲೇ. ಅದಕ್ಕೆ ಮುಂಚೆ ಆಪರೇಟರ್ ತನಗೆ ತೋಚಿದ ಹಾಗೆ, ಕೆಲವೊಮ್ಮೆ ಮಾಲೀಕನ ಅವಸರಕ್ಕೆ ತಕ್ಕ ಹಾಗೆ, ಚಿತ್ರ ಓಡಿಸುತ್ತಿದ್ದ. ಚಿತ್ರ ಬೇಗ ಓಡಿದರೆ ಕಣ್ಣು ಸಹಿಸಿಕೊಳ್ಳುತ್ತದೆ. ಶ್ರುತಿ ಏರಿದರೆ ಕಿವಿ ಸಹಿಸಿಕೊಳ್ಳುವುದಿಲ್ಲ.

ಈ ತಟ್ಟೆಯ ಇನ್ನೊಂದು ವಿಶೇಷ ನನಗೆ ಬಹಳ ಇಷ್ಟ. ಮುಳ್ಳನ್ನು ಹೊರ ಅಂಚಿನಲ್ಲಿ ಇಡುವುದು ನಮಗೆ ರೂಢಿ. ವಿಟಾಫೋನ್ ತಟ್ಟೆಯಲ್ಲಿ ಮುಳ್ಳು ಒಳಗಿನಿಂದ ಹೊರಟು ಅಂಚಿಗೆ ಬರುತ್ತದೆ. ಒಳ ಸುತ್ತು ಚಿಕ್ಕದು, ಅಲ್ಲಿ ಗೀರು ಇಕ್ಕಟ್ಟು, ದನಿಯನ್ನು ಸ್ಪಷ್ಟವಾಗಿ ಎತ್ತುವುದು ಕಷ್ಟ. ಉಕ್ಕಿನ ಮುಳ್ಳು ಹನ್ನೊಂದು ನಿಮಿಷ ಉಜ್ಜಿ ಉಜ್ಜಿ ಮೊಂಡಾಗುತ್ತಿತ್ತು. ಆದ್ದರಿಂದ ಕಷ್ಟದ ಜಾಗವನ್ನು ಮುಳ್ಳು ಹೊಸದಾಗಿರುವಾಗಲೇ ದಾಟಿಸಿ, ಮೊಂಡಾದ ಹೊತ್ತಿಗೆ ಸಲೀಸಾದ ಹೊರ ಸುತ್ತಿಗೆ ತರುತ್ತಿದ್ದರು. ತಟ್ಟೆಯ ಚೀಟಿಯ ಮೇಲೆ ಚೌಕಗಳ ಸಾಲಿರುತ್ತಿತ್ತು. ಪ್ರತಿ ಆಟಕ್ಕೆ ಒಂದು ಚೌಕಕ್ಕೆ ಗುರುತು ಹಾಕಬೇಕು. ಸುಮಾರು ಇಪ್ಪತ್ತು ಆಟವಾದರೆ ಅದರ ಆಯುಸ್ಸು ಮುಗಿಯಿತು, ಹೊಸದನ್ನು ಹಾಕಬೇಕು.

ಪ್ರದರ್ಶನದ ಕೋಣೆಯಲ್ಲಿ ಪ್ರೊಜೆಕ್ಟರಿಗೂ ತಟ್ಟೆ ತಿರುಗಿಸುವ ಮೇಜಿಗೂ ಒಂದೇ ಮೋಟಾರಿನ ಸಂಪರ್ಕ. ಫಿಲ್ಮಿನಲ್ಲಿ ಆರಂಭದ ಗುರುತಿರುವ ಚೌಕಟ್ಟನ್ನು ಪ್ರೊಜೆಕ್ಟರಿನ ಕಿಟಕಿಗೆ ಸರಿಯಾಗಿ ಕೂರಿಸಿ, ತಟ್ಟೆಯ ಮೇಲೆ ಬಾಣದ ಗುರುತಿರುವಲ್ಲಿ ಮುಳ್ಳು ಇಟ್ಟು, ಎರಡನ್ನೂ ಒಟ್ಟಿಗೆ ಹೊರಡಿಸಬೇಕು. ಎಲ್ಲವೂ ನೆಟ್ಟಗಿದ್ದರೆ ಸರಿ. ಫಿಲ್ಮು ಹರಿದು, ಆಪರೇಟರ್ ಹನ್ನೆರಡು ಚೌಕಟ್ಟು ಕತ್ತರಿಸಿ ಅಂಟಿಸಿದನೋ, ಅಲ್ಲಿಂದ ಮುಂದೆ ಮಾತಿಗೂ ತುಟಿಗೂ ಅರ್ಧ ಸೆಕೆಂಡಿನ ಜಗಳ. ಅದಕ್ಕಾಗಿ ಹೋದಷ್ಟೇ ಉದ್ದದ ಕಪ್ಪು ಫಿಲ್ಮನ್ನು ಅಲ್ಲಿ ಸೇರಿಸಬೇಕಿತ್ತು. ಮುಳ್ಳು ಹಾರಿ ಪಕ್ಕದ ಗೀರಿಗೆ ಬಿದ್ದರಂತೂ ಗಂಡಸು ಹೆಂಗಸಿನ ದನಿಯಲ್ಲಿ ಹಾಡುವ ನಗೆಪಾಟಲು. ನಾನೇ ಒಮ್ಮೆ, ಬೇರೆ ಬೇರೆ ಕಡೆಯಿಂದ ಸಿಕ್ಕ ಚಿತ್ರವನ್ನೂ ದನಿಯನ್ನೂ ಗಣಕದಲ್ಲಿ ಹೊಂದಿಸಲು ಎರಡು ದಿನ ಕೂತಿದ್ದೇನೆ. ಪಿಯಾನೋ ವಾದಕನ ಬೆರಳನ್ನೇ ನೋಡುತ್ತಾ ಕುಳಿತು ಕೊನೆಗೆ ಹೊಂದಿದಾಗ, ಸತ್ತ ಮನುಷ್ಯ ಉಸಿರಾಡಿದಂತಾಯಿತು. ಹಾಗೆ ಹೊಂದಿಸಲು ನನ್ನ ಬಳಿ ಗುಂಡಿ ಒತ್ತಿದರೆ ಹಿಂದೆ ಮುಂದೆ ಸರಿಯುವ ಯಂತ್ರವಿತ್ತು. ಅಂದಿನ ಆಪರೇಟರಿಗೆ ಬೆವರುವ ಕೈ ಮಾತ್ರ.

ಚಿತ್ರೀಕರಣದ ಸಂಕಟ ಇನ್ನೂ ದೊಡ್ಡದು. ಮೊದಲ ಕಾರ್ಯಕ್ರಮದ ಚಿತ್ರಗಳನ್ನು ತೆಗೆದದ್ದು ನ್ಯೂಯಾರ್ಕಿನ ಮ್ಯಾನ್‌ಹಟನ್ ಅಪೆರಾ ಹೌಸಿನಲ್ಲಿ. ಹತ್ತಿರದಲ್ಲೇ ಸುರಂಗ ರೈಲಿಗಾಗಿ ಬಂಡೆ ಸಿಡಿಸುತ್ತಿದ್ದರು. ಎಲ್ಮನ್ನನ ಕಮಾನು ತಂತಿಯ ಮೇಲೆ ನವಿರಾಗಿ ಇಳಿಯುವ ಹೊತ್ತಿಗೆ ನೆಲದಡಿಯಿಂದ ಢಂ ಎಂದರೆ ಏನು ಮಾಡುವುದು? ಕ್ಯಾಮೆರಾದ ಗರಗರ ಸದ್ದು ಮೈಕಿಗೆ ಬೀಳಬಾರದೆಂದು ಕ್ಯಾಮೆರಾವನ್ನೂ ಅದರ ಮನುಷ್ಯನನ್ನೂ ಗಾಜಿನ ಕಿಟಕಿಯಿದ್ದ, ಗಾಳಿಯಾಡದ ಗೂಡಿನೊಳಗೆ ಕೂಡಿಹಾಕುತ್ತಿದ್ದರು. ಗೂಡು ಅಲುಗಾಡುವಂತಿಲ್ಲ, ಆದ್ದರಿಂದ ಕ್ಯಾಮೆರಾವೂ ಅಲುಗಾಡುವಂತಿಲ್ಲ. ಕಾರ್ಬನ್ ದೀಪಗಳು ಗುಂಯ್ ಎನ್ನುತ್ತಿದ್ದವು. ಅವನ್ನು ತೆಗೆದು ತಂತಿಯ ದೊಡ್ಡ ಬಲ್ಬುಗಳನ್ನು ಹಚ್ಚಿದರು. ಅವುಗಳ ಶಾಖಕ್ಕೆ ಬಣ್ಣ ಬಳಿದ ಮುಖ ಕರಗುತ್ತಿತ್ತು. ಗಾಯಕ ಮೈಕಿನಿಂದ ಒಂದು ಹೆಜ್ಜೆ ಆಚೆ ಸರಿದರೂ ದನಿ ಬಾವಿಯೊಳಗಿನಿಂದ ಬಂದ ಹಾಗಾಗುತ್ತಿತ್ತು. ಅವನು ಕಂಬದಂತೆ ನಿಂತದ್ದು ನಟನೆ ಬಾರದೆ ಅಲ್ಲ, ನಿಂತಲ್ಲಿಂದ ಕದಲಬಾರದು ಎಂಬ ಕಟ್ಟಪ್ಪಣೆಯಿಂದ.

ಮೇಣದ ತಟ್ಟೆಯನ್ನು ಕತ್ತರಿಸಿ ಅಂಟಿಸುವಂತಿಲ್ಲ. ಹಾಗಾಗಿ ಸಂಕಲನ ಎಂಬುದು ದನಿಗೆ ಅನ್ವಯಿಸುತ್ತಲೇ ಇರಲಿಲ್ಲ. ಹತ್ತಿರದ ನೋಟ, ದೂರದ ನೋಟ ಎರಡೂ ಬೇಕಿದ್ದರೆ ಎರಡು ಮೂರು ಗೂಡುಗಳಲ್ಲಿ ಕ್ಯಾಮೆರಾಗಳನ್ನು ಏಕಕಾಲಕ್ಕೆ ಓಡಿಸಿ, ಆಮೇಲೆ ಚಿತ್ರವನ್ನಷ್ಟೇ ಅದಲು ಬದಲು ಮಾಡಿ ಜೋಡಿಸುತ್ತಿದ್ದರು. ಮೇಣವನ್ನು ಒಮ್ಮೆ ನುಡಿಸಿ ಕೇಳಿದರೆ ಗೀರು ಹಾಳು. ಅದಕ್ಕೆ ಎರಡು ಮೇಣದ ಬಿಲ್ಲೆಗಳ ಮೇಲೆ ಒಟ್ಟಿಗೆ ಕೊರೆದು, ಒಂದನ್ನು ಕೇಳಿ ಕೆಡಿಸಿ, ಇನ್ನೊಂದನ್ನು ಅಚ್ಚಿಗೆ ಕಳಿಸುತ್ತಿದ್ದರು. ನೀವು ನೋಡುತ್ತಿರುವುದು ಉಸಿರು ಬಿಗಿಹಿಡಿದ ಒಂದೇ ಒಂದು ಪ್ರಯತ್ನ. ಇಂದಿನ ಸಂಗೀತದ ವೀಡಿಯೋಗಳಿಗೆ ಇವನ್ನು ಮುತ್ತಜ್ಜ ಎಂದು ಕರೆಯುವವರಿದ್ದಾರೆ. ನಾನು ಒಪ್ಪುವುದಿಲ್ಲ. ಈಗಿನವು ಹಾಡನ್ನು ಮೊದಲು ಮುದ್ರಿಸಿಕೊಂಡು ಆಮೇಲೆ ಚಿತ್ರ ಕಟ್ಟುತ್ತವೆ. ಇವುಗಳ ಹತ್ತಿರದ ನೆಂಟ ದೂರದರ್ಶನದ ಹಳೆಯ ಕಚೇರಿ ಕಾರ್ಯಕ್ರಮ: ಹಿಂದೊಂದು ಪರದೆ, ಮುಂದೊಂದು ಮೈಕು, ನಡುವೆ ಗಂಟಲು ಸರಿಮಾಡಿಕೊಳ್ಳುವ ವಿದ್ವಾಂಸರು.

ತಮಾಷೆಯೆಂದರೆ, ಹಾಡನ್ನು ಮೊದಲು ಮುದ್ರಿಸಿ ಆಮೇಲೆ ತುಟಿಯಾಡಿಸುವ ವಿದ್ಯೆ ವಿಟಾಫೋನಿಗಿಂತ ಹಳೆಯದು. ಫ್ರಾನ್ಸಿನ ಗೋಮೊ ಕಂಪನಿ ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲೇ ಹಾಡುಗಾರರಿಂದ ತಟ್ಟೆ ಮಾಡಿಸಿ, ಅದೇ ತಟ್ಟೆ ಹಾಕಿ ಅವರು ತುಟಿಯಾಡಿಸುವುದನ್ನು ಚಿತ್ರೀಕರಿಸುತ್ತಿತ್ತು. ಅಂಥ ನೂರಕ್ಕೂ ಹೆಚ್ಚು ಚಿತ್ರಗಳನ್ನು ನಿರ್ದೇಶಿಸಿದ್ದು ಆಲಿಸ್ ಗೀ ಎಂಬ ಮಹಿಳೆ. ಜರ್ಮನಿಯಲ್ಲಿ ಆಸ್ಕರ್ ಮೆಸ್ಟರ್ ಅದೇ ದಾರಿ ಹಿಡಿದಿದ್ದ. ಆದರೆ ಅವರಿಗೆ ದನಿ ಹೆಚ್ಚಿಸುವ ವಿದ್ಯುತ್ ಉಪಕರಣ ಇರಲಿಲ್ಲ. ಗ್ರಾಮಫೋನಿನ ಕಹಳೆ ಎಷ್ಟು ಕೂಗಿದರೂ ನೂರಾರು ಜನರ ಸಭಾಂಗಣ ತುಂಬುವುದಿಲ್ಲ. 1920ರ ದಶಕದಲ್ಲಿ ನಿರ್ವಾತ ಕೊಳವೆಯ ಆಂಪ್ಲಿಫೈಯರ್ ಮತ್ತು ವಿದ್ಯುತ್ ಮೈಕು ಬಂದದ್ದೇ ಆಟ ಬದಲಾಯಿತು. ದನಿಯನ್ನು ಫಿಲ್ಮಿನ ಅಂಚಿನಲ್ಲೇ ಬೆಳಕಿನ ಗೆರೆಯಾಗಿ ಬರೆಯುವ ಇನ್ನೊಂದು ದಾರಿಯೂ ಜೊತೆಗೇ ತೆರೆದುಕೊಂಡಿತ್ತು. ಲೀ ಡಿ ಫಾರೆಸ್ಟ್ 1923ರ ಏಪ್ರಿಲ್ 15ರಂದೇ ನ್ಯೂಯಾರ್ಕಿನ ರಿವೊಲಿ ಮಂದಿರದಲ್ಲಿ ಅಂಥ ಕಿರುಚಿತ್ರಗಳನ್ನು ತೋರಿಸಿದ್ದ. ಕೊನೆಗೆ ಗೆದ್ದದ್ದು ಆ ದಾರಿಯೇ. ಫಿಲ್ಮು ಹರಿದರೆ ಅದರೊಡನೆ ದನಿಯೂ ಹರಿಯುತ್ತದೆ, ಜಗಳವಿಲ್ಲ. ವಾರ್ನರ್ ಕೂಡ 1930ರ ಆಸುಪಾಸಿನಲ್ಲಿ ತಟ್ಟೆಯನ್ನು ಬಿಟ್ಟಿತು.

ಇನ್ನು ಆ ನಮಸ್ಕಾರ. ಈ ಚಿತ್ರಗಳಲ್ಲಿ ಹಾಡಿದವರಲ್ಲಿ ಬಹುಪಾಲು ಜನ ವಾಡ್‌ವಿಲ್ ಎಂಬ ಸಂಚಾರಿ ರಂಗಪ್ರದರ್ಶನದ ಕಲಾವಿದರು. ಊರೂರು ತಿರುಗಿ, ಹತ್ತು ಹನ್ನೆರಡು ನಿಮಿಷದ ಒಂದೇ ಪ್ರದರ್ಶನವನ್ನು ವರ್ಷಗಟ್ಟಲೆ ಮಾಡಿ ಪಳಗಿದವರು. ನಮ್ಮ ಕಂಪನಿ ನಾಟಕಗಳಲ್ಲಿ ಹಿಂದೆ ದೃಶ್ಯ ಬದಲಾಗುತ್ತಿರುವಾಗ ಮುಂದಿನ ಪರದೆಯ ಎದುರು ಹಾಸ್ಯ ಪಾತ್ರ ಬಂದು ಒಂದು ಹಾಡು ಹೇಳಿ ಜನರನ್ನು ಹಿಡಿದಿಡುತ್ತಿತ್ತಲ್ಲ, ಹೆಚ್ಚುಕಡಿಮೆ ಅಂಥ ಕೆಲಸ. ಅವರ ದೇಹಕ್ಕೆ ಕ್ಯಾಮೆರಾ ಗೊತ್ತಿಲ್ಲ, ಸಭೆ ಗೊತ್ತು. ಚಪ್ಪಾಳೆಗೆ ಬಿಡುವ ಜಾಗ, ಬಾಗುವ ಕೋನ ಎಲ್ಲವೂ ಅಭ್ಯಾಸ. 1926ರ ಅಕ್ಟೋಬರಿನಲ್ಲಿ ಪ್ರದರ್ಶಿತವಾದ 'ಎ ಪ್ಲಾಂಟೇಶನ್ ಆಕ್ಟ್' ಎಂಬ ಕಿರುಚಿತ್ರದಲ್ಲಿ ಆಲ್ ಜಾಲ್ಸನ್ ಮೂರು ಹಾಡು ಹಾಡಿದ ಮೇಲೆ, ಪರದೆ ಬಿದ್ದರೂ ಮತ್ತೆ ಮತ್ತೆ ಹೊರಬಂದು ವಂದಿಸುತ್ತಾನೆ. ಚಿತ್ರಮಂದಿರದಲ್ಲಿ ಜನ ಚಪ್ಪಾಳೆ ತಟ್ಟಿಯೇ ತಟ್ಟುತ್ತಾರೆ ಎಂಬ ಭರವಸೆಯಿಂದ ಆ ಹೊತ್ತನ್ನು ಮುಂಚಿತವಾಗಿಯೇ ತಟ್ಟೆಯಲ್ಲಿ ಕಾದಿರಿಸಿದ್ದರು. ಮುಂದಿನ ವರ್ಷ 'ದಿ ಜಾಝ್ ಸಿಂಗರ್'ನಲ್ಲಿ ಜಗತ್ತನ್ನು ಗೆದ್ದವನೂ ಇವನೇ. ಆದರೆ ಆ ಕಿರುಚಿತ್ರದಲ್ಲಿ ಅವನು ಮುಖಕ್ಕೆ ಮಸಿ ಬಳಿದುಕೊಂಡು ಕರಿಯ ಕೂಲಿಯಾಳಿನ ವೇಷ ಹಾಕಿದ್ದಾನೆ ಎಂಬುದನ್ನು ಮುಚ್ಚಿಡಬಾರದು. ಅಮೆರಿಕದ ರಂಗಭೂಮಿ ಅದನ್ನು ಸಹಜವೆಂದು ಭಾವಿಸಿದ್ದ ಕಾಲ ಅದು. ಮೊಮ್ಮಗನ ಜೊತೆ ನೋಡುವಾಗ ಆ ಮಾತನ್ನೂ ಅವನಿಗೆ ಹೇಳಿ.

ವಾಡ್‌ವಿಲ್ ಕಲಾವಿದರಿಗೆ ಈ ಚಿತ್ರಗಳು ವರವಾದಷ್ಟೇ ಶಾಪವಾದವು. ಊರಿಂದೂರಿಗೆ ಹೋಗುವವರೆಗೆ ಹಳತಾಗದಿದ್ದ ಪ್ರದರ್ಶನ, ಒಮ್ಮೆ ತೆರೆಗೆ ಬಂದರೆ ಒಂದೇ ತಿಂಗಳಲ್ಲಿ ಎಲ್ಲ ಊರಿಗೂ ಹಳತು. ಚಿತ್ರಮಂದಿರಗಳ ವಾದ್ಯಗಾರರ ಗತಿ ಇನ್ನೂ ಕೆಟ್ಟದಾಯಿತು. ಸಾವಿರಾರು ಜನ ಕೆಲವೇ ವರ್ಷಗಳಲ್ಲಿ ಕೆಲಸ ಕಳೆದುಕೊಂಡರು. ಅವರ ಸಂಘ ಪತ್ರಿಕೆಗಳಲ್ಲಿ ದೊಡ್ಡ ಜಾಹೀರಾತು ಕೊಟ್ಟು, ಡಬ್ಬಿ ಸಂಗೀತ ಬೇಡ, ಯಂತ್ರಮಾನವನ ಕೈಗೆ ಪಿಟೀಲು ಕೊಡಬೇಡಿ ಎಂದು ಜನರನ್ನು ಬೇಡಿಕೊಂಡಿತು. ಜನ ಡಬ್ಬಿಯನ್ನೇ ಆರಿಸಿಕೊಂಡರು.

ನನ್ನ ದೃಷ್ಟಿಯಲ್ಲಿ ಈ ಬಗೆಯ ಚಿತ್ರಗಳ ನಿಜವಾದ ಬೆಲೆ ಗೊತ್ತಾಗುವುದು 1929ರಲ್ಲಿ, ಅದೂ ವಾರ್ನರ್ ಕಂಪನಿಯ ಹೊರಗೆ. ಡಡ್ಲಿ ಮರ್ಫಿ ಎಂಬ ನಿರ್ದೇಶಕ ಆ ವರ್ಷ ಎರಡು ಕಿರುಚಿತ್ರ ಮಾಡಿದ. ಒಂದು 'ಸೇಂಟ್ ಲೂಯಿಸ್ ಬ್ಲೂಸ್', ಸುಮಾರು ಹದಿನಾರು ನಿಮಿಷದ್ದು. ಅದರಲ್ಲಿ ಹಾಡುವವಳು ಬೆಸ್ಸಿ ಸ್ಮಿತ್. ಅಮೆರಿಕದ ಕಪ್ಪು ಜನರ ಬ್ಲೂಸ್ ಗಾಯನದ ಮಹಾರಾಣಿ ಎನಿಸಿಕೊಂಡವಳು. ಇದೇ ಹಾಡನ್ನು ಆಕೆ 1925ರಲ್ಲಿ ಲೂಯಿ ಆರ್ಮ್‌ಸ್ಟ್ರಾಂಗ್ ಜೊತೆ ಗ್ರಾಮಫೋನಿಗೆ ಹಾಡಿದ್ದಳು, ಅದು ಮೂರು ನಿಮಿಷದ ಚೌಕಟ್ಟಿನದು. ಚಿತ್ರದಲ್ಲಿ ಮೋಸ ಹೋದ ಹೆಂಗಸು ಮದ್ಯದಂಗಡಿಯ ಕಟ್ಟೆಗೆ ಒರಗಿ ಒಂದು ಸಾಲು ಎತ್ತುತ್ತಾಳೆ. ಸುತ್ತಲಿನ ಮೇಜುಗಳಲ್ಲಿ ಕೂತವರು ಮೆಲ್ಲಗೆ ಅದನ್ನು ಹಿಡಿಯುತ್ತಾರೆ. ಅವರೆಲ್ಲ ಗಿರಾಕಿಗಳ ವೇಷದಲ್ಲಿರುವ ಹಾಲ್ ಜಾನ್ಸನ್ ಗಾಯನವೃಂದದವರು. ನಮ್ಮ ಭಜನೆಯಲ್ಲಿ ಒಬ್ಬರು ಹೇಳಿಕೊಟ್ಟದ್ದನ್ನು ಉಳಿದವರು ಹಿಡಿದು ಬೆಳೆಸುವ ಕ್ರಮ ನಿಮಗೆ ತಟ್ಟನೆ ನೆನಪಾಗುತ್ತದೆ. ಬೆಸ್ಸಿ ಸ್ಮಿತ್ 1937ರಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡಳು. ಆಕೆ ಹಾಡುವುದನ್ನು ಕಣ್ಣಿನಿಂದ ನೋಡಲು ಜಗತ್ತಿಗೆ ಉಳಿದಿರುವುದು ಈ ಹದಿನಾರು ನಿಮಿಷ ಮಾತ್ರ.

ಇನ್ನೊಂದು 'ಬ್ಲ್ಯಾಕ್ ಆಂಡ್ ಟ್ಯಾನ್', ಡ್ಯೂಕ್ ಎಲಿಂಗ್ಟನ್ ಮತ್ತವನ ವೃಂದ ತೆರೆಗೆ ಬಂದ ಚಿತ್ರ. ಬಾಡಿಗೆ ಕೋಣೆಯಲ್ಲಿ ಎಲಿಂಗ್ಟನ್ ಕಹಳೆಗಾರ ಆರ್ಥರ್ ವೆಟ್ಸೋಲನಿಗೆ ಹೊಸ ರಚನೆ ಕಲಿಸುತ್ತಿದ್ದಾನೆ. ಕಂತು ಕಟ್ಟಿಲ್ಲವೆಂದು ಪಿಯಾನೋ ಹೊತ್ತೊಯ್ಯಲು ಇಬ್ಬರು ಬರುತ್ತಾರೆ. ಫ್ರೆಡಿ ವಾಷಿಂಗ್ಟನ್ ನಟಿಸಿದ ನರ್ತಕಿ, ಹೃದಯರೋಗವಿದ್ದರೂ ವೃಂದಕ್ಕೆ ಕೆಲಸ ಸಿಗಲೆಂದು ಕುಣಿದು ಕುಸಿಯುತ್ತಾಳೆ. ಸಾಯುವ ಹಾಸಿಗೆಯ ಸುತ್ತ ನಿಂತು ವೃಂದ ಆಕೆ ಕೇಳಿದ ಆ ರಚನೆಯನ್ನು ನುಡಿಸುತ್ತದೆ. ಕಥೆ ತೆಳು, ಕಣ್ಣೀರು ಧಾರಾಳ. ಆದರೆ ಆ ಮೊದಲ ಮೂರು ನಿಮಿಷದ ಅಭ್ಯಾಸದ ದೃಶ್ಯವನ್ನು ನಾನು ಎಷ್ಟು ಬಾರಿ ನೋಡಿದ್ದೇನೋ ಲೆಕ್ಕವಿಲ್ಲ. ಒಬ್ಬ ರಚನಕಾರ ತನ್ನ ಮನಸ್ಸಿನಲ್ಲಿರುವುದನ್ನು ಮತ್ತೊಬ್ಬನ ವಾದ್ಯಕ್ಕೆ ದಾಟಿಸುವುದು ಹೇಗೆ ಎಂಬುದನ್ನು ಅದಕ್ಕಿಂತ ಸರಳವಾಗಿ ತೋರಿಸಿದ ಚಿತ್ರ ನನಗೆ ಸಿಕ್ಕಿಲ್ಲ.

ಆ ಕಾಲದ ಅಮೆರಿಕದ ಕಥಾಚಿತ್ರದಲ್ಲಿ ಕಪ್ಪು ಕಲಾವಿದರಿಗೆ ಸಿಗುತ್ತಿದ್ದದ್ದು ಆಳಿನ ಪಾತ್ರ. ಕಿರುಚಿತ್ರದ ಮೇಲೆ ಹಾಕುವ ದುಡ್ಡು ಕಡಿಮೆ, ಕಾವಲೂ ಕಡಿಮೆ. ಅಲ್ಲಿ ಅವರು ಸಂಗೀತಗಾರರಾಗಿಯೇ ನಿಲ್ಲಬಹುದಿತ್ತು. ಬಿಳಿಯ ಕಲಾವಿದರಲ್ಲೂ ಬಡವರ ಸಂಗೀತಕ್ಕೆ ಇದೇ ಬಾಗಿಲು. ರೈಲ್ವೆ ಕೆಲಸಗಾರನಾಗಿದ್ದು ಗಾಯಕನಾದ ಜಿಮ್ಮಿ ರಾಜರ್ಸ್ 1929ರ 'ದಿ ಸಿಂಗಿಂಗ್ ಬ್ರೇಕ್‌ಮನ್'ನಲ್ಲಿ ರೈಲು ನಿಲ್ದಾಣದ ಉಪಾಹಾರದ ಕಟ್ಟೆಯೆದುರು ಗಿಟಾರ್ ಹಿಡಿದು ಮೂರು ಹಾಡು ಹಾಡಿದ. ನಾಲ್ಕು ವರ್ಷದ ನಂತರ ಕ್ಷಯ ಅವನನ್ನು ಕೊಂಡೊಯ್ದಿತು.

ಮುಂದಿನ ಕಥೆ ಚುಟುಕಾಗಿ ಹೇಳಿದರೆ ಸಾಕು. 'ದಿ ಬ್ರಾಡ್‌ವೇ ಮೆಲೊಡಿ' ಎಂಬ 1929ರ ಚಿತ್ರದ ಒಂದು ನೃತ್ಯವನ್ನು ಎರಡನೆಯ ಬಾರಿ ತೆಗೆಯಬೇಕಾದಾಗ, ಹಾಡನ್ನು ಮತ್ತೆ ಮುದ್ರಿಸುವ ಬದಲು ಹಳೆಯ ಮುದ್ರಿಕೆಯನ್ನೇ ನುಡಿಸಿ ಕುಣಿಸಿದರು. ಅಲ್ಲಿಂದ ಹಾಡು ಮೊದಲು, ಚಿತ್ರ ಆಮೇಲೆ ಎಂಬ ಪದ್ಧತಿ ಬೇರೂರಿತು. ಗಾಯಕರ ಕಾಲಿಗೆ ಬಿಡುಗಡೆ ಸಿಕ್ಕಿತು, ಕಿರುಚಿತ್ರಗಳಲ್ಲೂ ಕ್ಯಾಮೆರಾ ಕುಣಿಯತೊಡಗಿತು. ಮೂವತ್ತರ ದಶಕದ ಜಾಝ್ ವೃಂದಗಳ ಚಿತ್ರಗಳು ನೋಡಲು ಮೋಜು. ಕೇಳುವ ಕುತೂಹಲ ನನಗೆ ಅಷ್ಟಿಲ್ಲ. ನಲವತ್ತರ ದಶಕದಲ್ಲಿ ಹೋಟೆಲುಗಳಲ್ಲಿ ನಾಣ್ಯ ಹಾಕಿದರೆ ಮೂರು ನಿಮಿಷದ ಹಾಡು ತೋರಿಸುವ ಪೆಟ್ಟಿಗೆಗಳೂ ಬಂದು ಹೋದವು.

ನಮ್ಮಲ್ಲಿ? ಇದ್ದವು, ಆದರೆ ಬೆಳೆಯಲಿಲ್ಲ. ಕಲ್ಕತ್ತೆಯ ಮದನ್ ಥಿಯೇಟರ್ಸ್ 1931ರ ಆರಂಭದಲ್ಲಿ ಹಾಡು, ಕುಣಿತ, ನಾಟಕದ ತುಣುಕುಗಳ ಕಿರುಚಿತ್ರಗಳನ್ನು ತೋರಿಸಿತ್ತು. ಅದೇ ವರ್ಷ ಮಾರ್ಚ್ 14ರಂದು ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರದಲ್ಲಿ ಭಾರತದ ಮೊದಲ ಪೂರ್ಣ ಟಾಕಿ 'ಆಲಂ ಆರಾ' ಬಂದ ಮೇಲೆ ಯಾರೂ ಆ ಕಡೆ ತಿರುಗಿ ನೋಡಲಿಲ್ಲ. ಇದಕ್ಕೆ ಬಡತನವಷ್ಟೇ ಕಾರಣವೆಂದು ಕೆಲವರು ಹೇಳುತ್ತಾರೆ. ನನಗೆ ಕಾಣುವ ಕಾರಣ ಬೇರೆ. ಅಮೆರಿಕದಲ್ಲಿ ಹಾಡು ಒಂದು ಪ್ರತ್ಯೇಕ ಪ್ರದರ್ಶನ, ಕಥೆ ಇನ್ನೊಂದು. ನಮ್ಮ ಕಂಪನಿ ನಾಟಕದಲ್ಲಿ ಎರಡೂ ಒಂದೇ ಮೈ. ರಾಜ ಸಿಟ್ಟಾದರೂ ಹಾಡು, ಸತ್ತರೂ ಹಾಡು, 'ಒನ್ಸ್ ಮೋರ್' ಎಂದರೆ ಎದ್ದು ಕೂತು ಮತ್ತೊಮ್ಮೆ ಹಾಡಿ ಮತ್ತೊಮ್ಮೆ ಸಾಯುವುದು. ಆ ನಾಟಕವೇ ಟಾಕಿಗೆ ನಡೆದುಬಂದಾಗ ಕಿರುಚಿತ್ರಕ್ಕೆ ಬೇರೆ ಕೆಲಸ ಉಳಿಯಲಿಲ್ಲ. 1932ರ 'ಇಂದ್ರಸಭಾ'ದಲ್ಲಿ ಎಪ್ಪತ್ತರ ಆಸುಪಾಸಿನಷ್ಟು ಹಾಡುಗಳಿದ್ದವು. ಒಂದೊಂದನ್ನೂ ಬಿಡಿಸಿಟ್ಟರೆ ಎಷ್ಟು ವಿಟಾಫೋನ್ ಚಿತ್ರಗಳಾದಾವು ಎಣಿಸಿ. ತಮಿಳಿನ ಮೊದಲ ಟಾಕಿ ಎನಿಸಿದ 1931ರ 'ಕಾಳಿದಾಸ್'ನಲ್ಲಿ ತ್ಯಾಗರಾಜರ ಕೃತಿಗಳೂ ರಾಷ್ಟ್ರೀಯ ಗೀತೆಗಳೂ ಇದ್ದವು, ಕಥೆಗೂ ಅವಕ್ಕೂ ಸಂಬಂಧವೇ ಇಲ್ಲದೆ. ಕಿರುಚಿತ್ರವನ್ನು ನಮ್ಮವರು ತಿರಸ್ಕರಿಸಲಿಲ್ಲ, ನುಂಗಿಕೊಂಡರು.

ನೇರವಾಗಿ ಹಾಡುವ ಕಷ್ಟವಂತೂ ನಮ್ಮಲ್ಲೂ ಅಷ್ಟೇ ಇತ್ತು. 'ಆಲಂ ಆರಾ'ದ ಸ್ಟುಡಿಯೋ ಪಕ್ಕದಲ್ಲಿ ರೈಲು ಹಳಿ. ಹಾಗಾಗಿ ರೈಲು ನಿಂತ ಮೇಲೆ, ರಾತ್ರಿ ಕಳೆದು ಬೆಳಗಾಗುವ ಮುಂಚಿನ ಹೊತ್ತಿನಲ್ಲಿ ಚಿತ್ರೀಕರಣ. ಪಕ್ಕವಾದ್ಯದವರು ಕ್ಯಾಮೆರಾಕ್ಕೆ ಕಾಣದಂತೆ ಮರೆಯಲ್ಲಿ ಕೂತು ನುಡಿಸಬೇಕಿತ್ತು. ಕೊಲ್ಹಾಪುರದ ಸ್ಟುಡಿಯೋದಲ್ಲಿ ತಯಾರಾಗಿ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡ ಕನ್ನಡದ ಮೊದಲ ಟಾಕಿ 'ಸತಿ ಸುಲೋಚನಾ' ಕೂಡ ಹಿನ್ನೆಲೆ ಗಾಯನದ ಪದ್ಧತಿಗೆ ಮುಂಚಿನದು. ಆ ಪದ್ಧತಿ ಭಾರತಕ್ಕೆ ಬಂದದ್ದು 1935ರಲ್ಲಿ, ಕಲ್ಕತ್ತೆಯ ನ್ಯೂ ಥಿಯೇಟರ್ಸ್ ಮೂಲಕ. 'ಸತಿ ಸುಲೋಚನಾ'ದ ನಟರಾದ ಸುಬ್ಬಯ್ಯ ನಾಯ್ಡು, ನಾಗೇಂದ್ರರಾಯರಂಥವರು ಮೈಕಿಲ್ಲದೆ ಕಡೆಯ ಸಾಲಿಗೆ ಕೇಳಿಸಲು ಪಳಗಿದ್ದ ಕಂಠದವರು. ಮೈಕು ಅವರಿಗೆ ಅನುಕೂಲವಾಯಿತೋ ಅಡ್ಡಿಯಾಯಿತೋ ಕೇಳಿ ನೋಡೋಣವೆಂದರೆ ಆ ಚಿತ್ರದ ಪ್ರತಿಯೇ ಉಳಿದಿಲ್ಲ. 'ಆಲಂ ಆರಾ' ಕೂಡ ಇಲ್ಲ.

ಹೀಗೆ ನುಂಗಿಕೊಂಡದ್ದರಿಂದ ಆದ ನಷ್ಟವನ್ನು ಸಂಗೀತದವರಾದ ನೀವು ನನಗಿಂತ ಚೆನ್ನಾಗಿ ಬಲ್ಲಿರಿ. ಕಥೆಯ ಹಂಗಿಲ್ಲದೆ ಹತ್ತು ನಿಮಿಷ ವಿದ್ವಾಂಸರೊಬ್ಬರ ಮುಂದೆ ಕ್ಯಾಮೆರಾ ಇಟ್ಟು ಸುಮ್ಮನೆ ಕೂರುವ ಅಭ್ಯಾಸ ನಮ್ಮ ಚಿತ್ರರಂಗಕ್ಕೆ ಆಗ ಬರಲಿಲ್ಲ. ಪಿಟೀಲು ಚೌಡಯ್ಯನವರು ತೆರೆಗೆ ಬರಲು 1943ರ 'ವಾಣಿ' ಎಂಬ ಕಥಾಚಿತ್ರ ಬೇಕಾಯಿತು. ಎಲ್ಮನ್ ಬಂದದ್ದು ಬರಿಯ ಪಿಟೀಲಿನೊಂದಿಗೆ.

ಉಳಿಯುವ ವಿಷಯಕ್ಕೆ ಬಂದರೆ, ಅಮೆರಿಕದಲ್ಲೂ ಇವು ಸುಲಭವಾಗಿ ಉಳಿಯಲಿಲ್ಲ. ಸಾವಿರಕ್ಕೂ ಹೆಚ್ಚು ವಿಟಾಫೋನ್ ಕಿರುಚಿತ್ರಗಳು ತಯಾರಾದವು. ತಟ್ಟೆ ಹೋದ ಮೇಲೆ ಚಿತ್ರ ಒಂದು ದಿಕ್ಕು, ದನಿ ಇನ್ನೊಂದು ದಿಕ್ಕು. ಫಿಲ್ಮು ಭಂಡಾರದಲ್ಲಿ ಮೂಕವಾಗಿ ಬಿದ್ದಿತ್ತು, ತಟ್ಟೆ ಯಾರದೋ ಮನೆಯ ಅಟ್ಟದಲ್ಲಿತ್ತು. ಜಾಲ್ಸನ್ನನ ಆ ಕಿರುಚಿತ್ರ ಪೂರ್ತಿ ಕಳೆದುಹೋಗಿದೆ ಎಂದೇ ಬಹುಕಾಲ ನಂಬಿದ್ದರು. ಚಿತ್ರ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿ ಸಿಕ್ಕಿತು. ತಟ್ಟೆ ಸಿಕ್ಕಾಗ ಅದು ಒಡೆದು, ಯಾರೋ ಅಂಟು ಹಾಕಿ ಜೋಡಿಸಿದ ಸ್ಥಿತಿಯಲ್ಲಿತ್ತು. ಚೂರುಗಳ ಸಂದಿನ ಸದ್ದನ್ನು ತೆಗೆದು ದನಿಯನ್ನು ಉಳಿಸಿದರು. 1991ರಲ್ಲಿ ರಾನ್ ಹಚಿನ್ಸನ್ ಮತ್ತು ಕೆಲವು ರೆಕಾರ್ಡ್ ಸಂಗ್ರಾಹಕರು ಸೇರಿ ವಿಟಾಫೋನ್ ಪ್ರಾಜೆಕ್ಟ್ ಎಂಬ ಗುಂಪು ಕಟ್ಟಿದರು. ಅಟ್ಟದ ತಟ್ಟೆಗೂ ಭಂಡಾರದ ಫಿಲ್ಮಿಗೂ ಜೋಡಿ ಹುಡುಕುವುದು ಅವರ ಕೆಲಸ. ನಿಮ್ಮ ಮೊಮ್ಮಗನ ಮೊಬೈಲಿಗೆ ಬಂದ ಕೆಲವು ಚಿತ್ರಗಳಾದರೂ ಆ ದಾರಿಯಲ್ಲಿ ಬಂದವೇ ಇರಬೇಕು.

ಮತ್ತೆ ನೋಡುವುದಾದರೆ ರಾಯ್ ಸ್ಮೆಕ್‌ನಿಂದ ಶುರುಮಾಡಿ, ಮಾರ್ಟಿನೆಲ್ಲಿ ನೋಡಿ, ಕೊನೆಗೆ ಬೆಸ್ಸಿ ಸ್ಮಿತ್‌ಗೆ ಬನ್ನಿ. ಮೊಬೈಲಿನ ಪುಟ್ಟ ಸ್ಪೀಕರ್ ಸಾಲದು, ಹೆಡ್‌ಫೋನ್ ಹಾಕಿಕೊಳ್ಳಿ. ಹಾಡಿನ ಹಿಂದೆ ಸಣ್ಣಗೆ ಸೊರಸೊರ ಎನ್ನುವ ಸದ್ದು ಕೇಳಿಸುತ್ತದೆ. ವಿಟಾಫೋನ್ ಚಿತ್ರಗಳಲ್ಲಿ ಅದು, ಮೇಣದ ಅಚ್ಚಿನಿಂದ ಒತ್ತಿದ ಅರಗಿನ ತಟ್ಟೆಯದು. ಮುಳ್ಳನ್ನು ಸವೆಸಿ ಗೀರಿಗೆ ಹೊಂದಿಸಲೆಂದೇ ಅರಗಿನಲ್ಲಿ ನುಣ್ಣನೆಯ ಕಲ್ಲಿನ ಪುಡಿ ಬೆರೆಸುತ್ತಿದ್ದರು. ವಿಟಾಫೋನ್ ಚಿತ್ರಗಳಲ್ಲಿ ಆ ಸದ್ದು ಮೊದಲ ನಿಮಿಷಕ್ಕೂ ಕೊನೆಯ ನಿಮಿಷಕ್ಕೂ ಒಂದೇ ಇದೆಯೇ ಎಂದು ನಿಮ್ಮ ಕಿವಿ ಇಟ್ಟು ಕೇಳಿ.